ಸುಡಾನ್ ಬೆಂಕಿಗೆ ಸೌದೆ ಎಲ್ಲಿಂದ ಬರುತ್ತಿದೆ?

ನಮಸ್ಕಾರ. ಕಳೆದ ಸಂಚಿಕೆಯಲ್ಲಿ ಸುಡಾನ್‌ಗೆ ನಾಲ್ಕು ಪುಟ ಕೊಟ್ಟಿದ್ದು ನಿಮಗೆ ಸರಿ ಬಂದಿಲ್ಲ. "ಅದು ಇಬ್ಬರು ಜನರಲ್‌ಗಳ ಕುರ್ಚಿ ಜಗಳ. ಅವರ ಮನೆ ಜಗಳಕ್ಕೆ ಹೊರಗಿನವರು ಏನು ಮಾಡೋಕಾಗುತ್ತೆ? ನಮಗೂ ಅದಕ್ಕೂ ಏನು ಸಂಬಂಧ?" ಎಂದು ಬರೆದಿದ್ದೀರಿ.

ಕೊನೆಯ ಪ್ರಶ್ನೆಯನ್ನೇ ಮೊದಲು ತಗೊಳ್ಳೋಣ. 2023ರ ಏಪ್ರಿಲ್ 15ಕ್ಕೆ ಯುದ್ಧ ಶುರುವಾದಾಗ ಸುಡಾನಿನ ಎಲ್ ಫಾಶರ್ ಊರಲ್ಲಿ ನಮ್ಮ ಹಕ್ಕಿಪಿಕ್ಕಿ ಜನ ಸಿಕ್ಕಿಹಾಕಿಕೊಂಡಿದ್ದರು, ನೆನಪಿದೆಯಾ? ಗಿಡಮೂಲಿಕೆ ಔಷಧಿ, ತಲೆಗೆ ಹಚ್ಚುವ ಎಣ್ಣೆ ಮಾರಲು ಹೋದವರು. 'ಆಪರೇಷನ್ ಕಾವೇರಿ'ಯಲ್ಲಿ ಅವರು ವಾಪಸ್ ಬಂದರು, ನಾವು ಉಸ್ಸಪ್ಪಾ ಅಂದು ಮರೆತುಬಿಟ್ಟೆವು. ಅವರಿಗೆ ಬಾಡಿಗೆಗೆ ಮನೆ ಕೊಟ್ಟವರು, ಅವರ ಹತ್ತಿರ ಎಣ್ಣೆ ಕೊಂಡವರು ಅಲ್ಲೇ ಉಳಿದರು. ಅದೇ ಊರಿಗೆ, ಸೇನೆಯ ವಿರುದ್ಧ ಹೋರಾಡುತ್ತಿರುವ ಅರೆಸೇನಾ ಗುಂಪಾದ ಆರ್‌ಎಸ್‌ಎಫ್ ಪಡೆ ಸುಮಾರು ಒಂದೂವರೆ ವರ್ಷ ಮುತ್ತಿಗೆ ಹಾಕಿ, 2025ರ ಅಕ್ಟೋಬರ್ 26ಕ್ಕೆ ವಶಪಡಿಸಿಕೊಂಡಿತು. ಮುತ್ತಿಗೆಯ ಕೊನೆಗಾಲದಲ್ಲಿ ಊರಿನ ಜನ ತಿಂದದ್ದು ಶೇಂಗಾ ಹಿಂಡಿ. ಎಣ್ಣೆ ತೆಗೆದ ಮೇಲೆ ಉಳಿಯುತ್ತಲ್ಲ, ನಾವು ದನಕ್ಕೆ ಹಾಕೋದು, ಅದೇ.

ಇನ್ನು ಮನೆ ಜಗಳದ ಮಾತು. ಸೇನೆಯ ಮುಖ್ಯಸ್ಥ ಬುರ್ಹಾನ್ ಮತ್ತು ಆರ್‌ಎಸ್‌ಎಫ್ ಮುಖ್ಯಸ್ಥ ಹೆಮೆಟಿ 2021ರಲ್ಲಿ ಒಟ್ಟಿಗೇ ಅಧಿಕಾರ ಕಸಿದುಕೊಂಡು ಆಮೇಲೆ ಕಿತ್ತಾಡಿದವರು. ಜಗಳ ಶುರುವಾಗಿದ್ದು ಒಳಗೇ, ಒಪ್ಪುತ್ತೇನೆ. ಆದರೆ ಇಷ್ಟು ಬಡ ದೇಶದಲ್ಲಿ ಇಷ್ಟು ವರ್ಷ ಯುದ್ಧ ನಡೆಸೋಕೆ ಡ್ರೋನ್, ಗುಂಡು, ಸಂಬಳ ಎಲ್ಲಿಂದ ಬರಬೇಕು? ಯುಎಇಯಿಂದ ಚಾಡ್ ದೇಶದ ಅಮ್‌ಜರಾಸ್ ವಿಮಾನ ನಿಲ್ದಾಣದ ಮೂಲಕ ಆರ್‌ಎಸ್‌ಎಫ್‌ಗೆ ಆಯುಧ ಹೋಗುತ್ತಿದೆ ಅನ್ನುವ ಆರೋಪ ನಂಬುವಂಥದ್ದೇ ಎಂದು ವಿಶ್ವಸಂಸ್ಥೆಯ ತಜ್ಞರು 2024ರ ಜನವರಿಯಲ್ಲೇ ಹೇಳಿದರು. ಯುಎಇ ಇದನ್ನು ಒಪ್ಪುವುದಿಲ್ಲ, ತಾನು ಕಳಿಸಿದ್ದು ನೆರವಿನ ಸಾಮಾನು ಅನ್ನುತ್ತದೆ. ಸೇನೆಯ ಬೆನ್ನಿಗೆ ಈಜಿಪ್ಟ್ ಇದೆ, ಇರಾನಿನ ಡ್ರೋನುಗಳಿವೆ. ಇನ್ನು ಚಿನ್ನ. ಎರಡೂ ಕಡೆಯವರ ಗಣಿಗಳ ಚಿನ್ನ ಜಾಸ್ತಿ ಹೋಗೋದು ದುಬೈಗೇ. ಯುಎಇಯನ್ನು ಬೈಯುವ ಸೇನೆಯ ಕಡೆಯದ್ದೂ ಅಲ್ಲಿಗೇ. ನಾಲ್ಕು ಪುಟ ಕೊಟ್ಟಿದ್ದು ಇದನ್ನು ಹೇಳೋಕೆ.

ಸಂಧಾನ ಯಾಕೆ ಕೈಗೂಡುತ್ತಿಲ್ಲ ಅನ್ನೋದಕ್ಕೂ ಉತ್ತರ ಇಲ್ಲೇ ಇದೆ. 2023ರ ಮೇ 11ರಂದು ಜೆಡ್ಡಾದಲ್ಲಿ, ಜನರಿಗೆ ತೊಂದರೆ ಕೊಡಲ್ಲ ಎಂದು ಎರಡೂ ಕಡೆಯವರು ಸಹಿ ಹಾಕಿದರು. ಯಾರೂ ಪಾಲಿಸಲಿಲ್ಲ. 2025ರ ಸೆಪ್ಟೆಂಬರ್‌ನಲ್ಲಿ ಅಮೆರಿಕ, ಸೌದಿ, ಈಜಿಪ್ಟ್, ಯುಎಇ ಸೇರಿ ಮೂರು ತಿಂಗಳ ಕದನವಿರಾಮ ಕೇಳಿದವು, ಮುಂದಿನ ತಿಂಗಳೇ ಎಲ್ ಫಾಶರ್ ಬಿತ್ತು. ಒಂದೊಂದು ಪಕ್ಷಕ್ಕೆ ಬೆಂಬಲ ಕೊಡುವವರೇ ಪಂಚಾಯ್ತಿಗೆ ಕೂತಿದ್ದಾರೆ ಅನ್ನೋದು ನನಗೆ ನಿಜಕ್ಕೂ ನೋವಿನ ವಿಷಯ. ಆದರೂ ಅವರನ್ನು ಬಿಟ್ಟರೆ ಕೆಲಸ ಆಗಲ್ಲ, ಯಾಕೆಂದರೆ ಆಯುಧ, ದುಡ್ಡಿನ ನಲ್ಲಿ ತಿರುಪೋ ಕೈ ಅವರದ್ದೇ.

ಹೊರಗಿನವರಿಂದ ಏನಾಗುತ್ತೆ ಅಂದಿರಲ್ಲ, ಮೊಜಾಂಬಿಕ್ ನೋಡಿ. ಅಲ್ಲೂ ಹೀಗೇ ವರ್ಷಗಟ್ಟಲೆ ಒಳಯುದ್ಧ ನಡೆದಿತ್ತು. ಅಲ್ಲಿನ ರೆನಾಮೊ ದಂಗೆಕೋರರನ್ನು ಕಟ್ಟಿದ್ದೇ ರೊಡೇಷಿಯಾದ (ಈಗಿನ ಜಿಂಬಾಬ್ವೆ) ಗೂಢಚಾರರು. 1980ರ ನಂತರ ಸಾಕಿದ್ದು ದಕ್ಷಿಣ ಆಫ್ರಿಕಾದ ಸೇನೆ. 1984ರಲ್ಲಿ ಬೆಂಬಲ ನಿಲ್ಲಿಸುತ್ತೇವೆಂದು ಸಹಿ ಹಾಕಿ, ಆಮೇಲೂ ಕದ್ದುಮುಚ್ಚಿ ಕೊಟ್ಟರು. ಶೀತಲ ಸಮರ ಮುಗಿಯಿತು, ವರ್ಣಭೇದ ನೀತಿ ಬಿಡುತ್ತಾ ದಕ್ಷಿಣ ಆಫ್ರಿಕಾ ತಾನೇ ಬದಲಾಯಿತು, ಮೊಜಾಂಬಿಕ್ ಸರ್ಕಾರಕ್ಕೂ ರಷ್ಯನ್ನರ ಆಸರೆ ತಪ್ಪಿತು. ಆಗ ರೋಮ್‌ನಲ್ಲಿ ಸಾಂತ್ ಎಜಿದಿಯೊ ಎಂಬ ಕ್ಯಾಥೊಲಿಕ್ ಸಮುದಾಯದವರು ಎರಡೂ ಕಡೆಯವರನ್ನು ಕೂರಿಸಿಕೊಂಡು ಎರಡು ವರ್ಷಕ್ಕೂ ಜಾಸ್ತಿ ತಾಳ್ಮೆಯಿಂದ ಮಾತಾಡಿಸಿದರು. 1992ರ ಅಕ್ಟೋಬರ್ 4ಕ್ಕೆ ಒಪ್ಪಂದವಾಯಿತು. ವಿಶ್ವಸಂಸ್ಥೆ ಆರು ಸಾವಿರಕ್ಕೂ ಹೆಚ್ಚು ಸೈನಿಕರನ್ನು ಕಳಿಸಿತು, ಅದರಲ್ಲಿ ನಮ್ಮ ದೇಶದವರೂ ಇದ್ದರು. ಬಂದೂಕು ಕೆಳಗಿಟ್ಟವರಿಗೆ ಎರಡು ವರ್ಷ ಹಣ ಸಿಕ್ಕಿತು. ದಂಗೆಕೋರರು ಪಕ್ಷ ಕಟ್ಟಲೆಂದೂ ಹಣ ಕೊಟ್ಟರು. ಊರಿಗೆ ಬೆಂಕಿ ಇಟ್ಟವರಿಗೆ ದುಡ್ಡಾ ಎಂದು ಸಿಟ್ಟು ಬರುತ್ತೆ, ನನಗೂ ಬಂದಿತ್ತು. ಈಗ ಅನಿಸುತ್ತೆ, ಅದು ಸರಿಯಾದ ಖರ್ಚು. 2013ರಲ್ಲಿ ಮತ್ತೆ ಗುಂಡಿನ ಸದ್ದು ಕೇಳಿದ್ದು ನಿಜ, ಆದರೆ ಹಳೆಯ ಒಳಯುದ್ಧ ಮರಳಲಿಲ್ಲ.

ಆಮೇಲೆ ಅಲ್ಲಿ ಚರ್ಚಿನವರು ಬಂದೂಕು ತಂದುಕೊಟ್ಟವರಿಗೆ ಹೊಲಿಗೆ ಯಂತ್ರ, ಸೈಕಲ್, ಗುದ್ದಲಿ ಕೊಟ್ಟರು. ಆ ಬಂದೂಕುಗಳನ್ನು ಕತ್ತರಿಸಿ ಕೆಸ್ಟರ್ ಎಂಬ ಕಲಾವಿದರು ಒಂದು ಕುರ್ಚಿ ಮಾಡಿದರು, ಅದು ಈಗ ಬ್ರಿಟಿಷ್ ಮ್ಯೂಸಿಯಂನಲ್ಲಿದೆ. ನೀವು 'ಕುರ್ಚಿ ಜಗಳ' ಅಂದಾಗ ನನಗೆ ನೆನಪಾದದ್ದು ಅದೇ. ಅದರಲ್ಲಿರುವ ಒಂದು ಬಂದೂಕೂ ಮೊಜಾಂಬಿಕ್‌ನಲ್ಲಿ ತಯಾರಾದದ್ದಲ್ಲ.

ಸುಡಾನ್‌ಗೆ ಮುಂದಿನ ಸಂಚಿಕೆಯಲ್ಲೂ ಪುಟ ಇರುತ್ತದೆ. ನಿಮ್ಮ ಕಡೆ ಅಲ್ಲಿಂದ ವಾಪಸ್ ಬಂದ ಹಕ್ಕಿಪಿಕ್ಕಿ ಕುಟುಂಬಗಳಿದ್ದರೆ ಒಮ್ಮೆ ಮಾತಾಡಿಸಿ. ಎಲ್ ಫಾಶರ್‌ನ ಅವರ ನೆರೆಹೊರೆಯವರ ಬಗ್ಗೆ ಏನು ನೆನಪಿದೆ ಕೇಳಿ, ಬರೆದು ಕಳಿಸಿ. ಪ್ರಕಟಿಸುತ್ತೇವೆ.

— ಸಂ.