ರೇಷನ್ ಅಂಗಡಿ ಪರವಾನಗಿ ರದ್ದಾದರೆ ನೇರ ಹೈಕೋರ್ಟಿಗೆ ಹೋಗಬಹುದಾ?

ಸರ್, ರಾಜಾಜಿನಗರದಲ್ಲಿ ನಿಮ್ಮ ಅಣ್ಣನ ನ್ಯಾಯಬೆಲೆ ಅಂಗಡಿಯ ಪರವಾನಗಿ ರದ್ದಾಗಿದೆ, ನೇರ ಹೈಕೋರ್ಟಿಗೆ ಹೋಗಬಹುದಾ ಅಂತ ಕೇಳಿದ್ದೀರಿ. ಸಂವಿಧಾನದ 226ನೇ ವಿಧಿಯಡಿ ರಿಟ್, ಅಂದರೆ ಅಧಿಕಾರಿಯ ಆದೇಶವನ್ನು ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ, ಹಾಕಬಹುದು. ಆದರೆ ಮೇಲ್ಮನವಿಗೆ ದಾರಿ ಇದ್ದರೆ ಸಾಮಾನ್ಯವಾಗಿ ಮೊದಲು ಅಲ್ಲಿಗೇ ಹೋಗಿ ಅನ್ನುತ್ತದೆ ಕೋರ್ಟು. ನೋಟಿಸೇ ಕೊಡದೆ ರದ್ದು ಮಾಡಿದ್ದರೆ ಮಾತು ಬೇರೆ, ಆಗ ಹೈಕೋರ್ಟು ನೇರವಾಗಿಯೂ ಕೇಳಬಹುದು. ಅಂಗಡಿಯ ದಾಸ್ತಾನಿನಲ್ಲಿ ಅಕ್ಕಿ ಎಷ್ಟು ಕಡಿಮೆ ಇತ್ತು ಅಂತ ಕೋರ್ಟು ಮೂಟೆ ತೂಗಲು ಕೂರುವುದಿಲ್ಲ. ಅಧಿಕಾರಿ ಉತ್ತರಕ್ಕೆ ಸಮಯ ಕೊಟ್ಟರಾ, ಆ ಉತ್ತರ ಓದಿ ಕಾರಣ ಬರೆದರಾ, ಇದನ್ನು ನೋಡುತ್ತದೆ. ನಮ್ಮ ಮಾವನ ಅಂಗಡಿಯ ಪರವಾನಗಿಯೂ ಹೀಗೇ ರದ್ದಾಗಿತ್ತು, ಆ ಆದೇಶದಲ್ಲಿ ಇದ್ದದ್ದು ಒಂದೇ ಸಾಲು: ‘ಸಮಜಾಯಿಷಿ ತೃಪ್ತಿಕರವಾಗಿಲ್ಲ’. ಯಾಕೆ ಅಂತ ಎಲ್ಲೂ ಇಲ್ಲ. ವಕೀಲರು ಪೆನ್ಸಿಲ್ ಹಿಡಿದು ಗೆರೆ ಎಳೆದದ್ದೇ ಅದಕ್ಕೆ. ನೋಟಿಸ್ ಬಂದ ಲಕೋಟೆ ದಯವಿಟ್ಟು ಎಸೆಯಬೇಡಿ, ಅಂಚೆ ಮುದ್ರೆಯ ತಾರೀಖು ಬೇಕಾಗುತ್ತೆ. ಗೆದ್ದರೂ ಎಷ್ಟೋ ಸಲ ಪ್ರಕರಣ ಮರುವಿಚಾರಣೆಗೆ ಅಧಿಕಾರಿಯ ಹತ್ತಿರವೇ ವಾಪಸ್ ಹೋಗುತ್ತೆ. ಮೇಲ್ಮನವಿಯ ಗಡುವು ದಾಟಿಸಬೇಡಿ, ಜೊತೆಗೇ ತಡೆಯಾಜ್ಞೆಯನ್ನೂ ಕೇಳಿ.