ಹೆಂಚಿನ ಮಾಡಿಗೆ ಆವಿತಡೆ ಬೇಕೆ?

ಪ್ರಶ್ನೆ: ಬಸವನಗುಡಿಯ ನಮ್ಮ ಹಳೆಯ ಮನೆಯಲ್ಲಿ ಮಂಗಳೂರು ಹೆಂಚಿನ ಕೆಳಗಿನ ಅಟ್ಟವನ್ನು ಓದುವ ಕೋಣೆಯಾಗಿ ಮಾರ್ಪಡಿಸುತ್ತಿದ್ದೇವೆ. ಕಾವು ತಡೆಯಲು ಹಾಕಿಸುವ, ಕಲ್ಲಿನ ನಾರಿನ ಹಾಸಾದ ರಾಕ್‌ವೂಲ್‌ನ ಒಳಬದಿಗೆ ಆವಿತಡೆಯಾಗಿ ಪಾಲಿಥೀನ್ ಹಾಳೆ ಕಡ್ಡಾಯವೆಂದು ಕೆನಡಾದಲ್ಲಿರುವ ಮಗ ಹೇಳುತ್ತಾನೆ. ಇಲ್ಲಿನ ಬಡಗಿ ಬೇಡವೆನ್ನುತ್ತಾರೆ. ಯಾರ ಮಾತು ಸರಿ?

ಉತ್ತರ: ಅವರವರ ಊರಿಗೆ ಇಬ್ಬರ ಮಾತೂ ಸರಿಯೇ. ಕೆನಡಾದ ಚಳಿಗಾಲದಲ್ಲಿ ಮನೆಯೊಳಗಿನ ಬೆಚ್ಚಗಿನ, ತೇವಭರಿತ ಗಾಳಿಯು ಹೊರಮುಖವಾಗಿ ಸಾಗಿ ತಣ್ಣನೆಯ ಮಾಡಿಗೆ ತಗುಲಿದಾಗ ಅದರಲ್ಲಿನ ಆವಿ ನೀರಾಗಿ ಮರವನ್ನು ಕೊಳೆಸುವುದರಿಂದ, ಅಲ್ಲಿ ತಡೆಯನ್ನು ಬೆಚ್ಚಗಿರುವ ಒಳಬದಿಗೆ ಹಾಕುತ್ತಾರೆ. ಬೆಂಗಳೂರಿನಲ್ಲಿ ನಾವು ಮನೆಯನ್ನು ಕಾಯಿಸುವುದಿಲ್ಲ. ಜನವರಿಯ ರಾತ್ರಿಯಲ್ಲೂ ಉಷ್ಣಾಂಶ ಸಾಮಾನ್ಯವಾಗಿ 15 ಡಿಗ್ರಿಯ ಆಸುಪಾಸಿನಲ್ಲಿರುತ್ತದೆ. ಇನ್ನು ಕೋಣೆಗೆ ಏಸಿ ಹಾಕಿಸಿದರಂತೂ ಆವಿಯ ಹಾದಿಯೇ ತಿರುಗಿ, ಮಳೆಗಾಲದ ತೇವ ಹೊರಗಿನಿಂದ ಒಳಗೆ ಬಂದು, ತಣ್ಣಗಿರುವ ಆ ಪಾಲಿಥೀನಿನ ಬೆನ್ನಿಗೇ ಹನಿಗಟ್ಟಿ ರಾಕ್‌ವೂಲನ್ನು ನೆನೆಸಬಹುದು. ಆದ್ದರಿಂದ ಒಳಬದಿಯ ಹಾಳೆಯನ್ನು ಬಿಟ್ಟುಬಿಡಿ.

ನಿಮ್ಮ ಮಾಡಿನ ನಿಜವಾದ ಶತ್ರು ಆವಿಯಲ್ಲ, ಗಾಳಿಯೊಂದಿಗೆ ಹೆಂಚಿನ ಸಂದಿಗೆ ನುಗ್ಗುವ ಮಳೆನೀರು. ಹೆಂಚಿನ ಕೆಳಗೆ, ನೀರನ್ನು ತಡೆದು ಆವಿಯನ್ನು ಬಿಡುವ ಹಾಳೆಯನ್ನು ಸೂರಿನವರೆಗೆ ಇಳಿಬಿಟ್ಟು ಹಾಸಿಸಿ, ಅದರ ಮೇಲೆ ಪಟ್ಟಿಗಳನ್ನು ಹೊಡೆಸಿ ಗಾಳಿಯಾಡಲು ಸುಮಾರು 25 ಮಿಲಿಮೀಟರ್ ಸಂದು ಬಿಡಿಸಿ. ಒಡೆದ ಹೆಂಚುಗಳನ್ನು ಮೊದಲೇ ಬದಲಾಯಿಸಬೇಕೆಂದು ಹೇಳಬೇಕಾಗಿಲ್ಲವಷ್ಟೆ. ಅಲ್ಯೂಮಿನಿಯಂ ಹಾಳೆ ಅಂಟಿಸಿದ ರಾಕ್‌ವೂಲ್ ಕೊಳ್ಳುವುದಾದರೆ ಆ ಹಾಳೆಯೇ ಆವಿತಡೆಯೂ ಆಗುತ್ತದೆಂಬುದನ್ನು ಗಮನಿಸಿ, ಹೊಳೆಯುವ ಮುಖವನ್ನು ಹೆಂಚಿನ ಕಡೆಗೇ ಇರಿಸಿ. ಎದುರಿಗೆ ಗಾಳಿಯ ಸಂದಿಲ್ಲದೆ ಯಾವುದಕ್ಕಾದರೂ ಒತ್ತಿಕೊಂಡ ಹೊಳಪು ಬಿಸಿಲಿನ ಕಾವನ್ನು ಹಿಂದಿರುಗಿಸದು.