ಪರದೆಯ ಮೇಲೆ ಬಾರದ ಹೆಸರು

ಮೊದಲು ಫೋನ್ ಮಾಡಿದವರು ಅವರ ಹೆಂಡತಿ. "ರಾತ್ರಿ ನಿದ್ದೆ ಮಾಡುವುದಿಲ್ಲ, ಹಗಲು ಮಾತನಾಡುವುದಿಲ್ಲ, ನಾನು ಯಾರೊಂದಿಗೆ ಸಂಸಾರ ಮಾಡಲಿ?" ಎಂದು ಕೇಳಿದರು. ಮುಂದಿನ ಶನಿವಾರ ಮುಂಬೈ ಹೊರವಲಯದ ಮೀರಾ ರೋಡಿನಿಂದ ಮಾಟುಂಗಾದ ನನ್ನ ಆಪ್ತಸಲಹೆಯ ಕೋಣೆಗೆ ಬಂದವರನ್ನು ಇಲ್ಲಿ ಶ್ರೀಪಾದ ಎಂದು ಕರೆಯುತ್ತೇನೆ. ಅವರ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಗುರುತು ಹತ್ತುವ ವಿವರಗಳನ್ನು ಬದಲಿಸಿದ್ದೇನೆ. ವಯಸ್ಸು 43, ಊರು ಧಾರವಾಡ.

ನಿದ್ದೆ ಏಕಿಲ್ಲ ಎಂದು ತಿಳಿಯಲು ಮನಶ್ಶಾಸ್ತ್ರ ಬೇಕಿರಲಿಲ್ಲ. ಹಿಂದಿ ಧಾರಾವಾಹಿಗಳಿಗೆ ಹಿನ್ನೆಲೆ ಸಂಗೀತ ಕೂರಿಸುವುದು ಅವರ ಕೆಲಸ. ವಾರಕ್ಕೆ ಆರು ಕಂತು, ಒಂದೊಂದೂ ಸುಮಾರು 22 ನಿಮಿಷ. ಗೋರೆಗಾಂವ್‌ನಲ್ಲಿ ಚಿತ್ರೀಕರಣವಾಗಿ, ಸಂಕಲನ ಮುಗಿದು ಇವರ ಕಂಪ್ಯೂಟರಿಗೆ ಬರುವಾಗ ರಾತ್ರಿ ಹನ್ನೊಂದು. ಮರುದಿನ ಸಂಜೆ ಪ್ರಸಾರ. ದುಃಖ, ಸಂಶಯ, ಹಾಸ್ಯ, ನಾಯಕಿಯ ಪ್ರವೇಶ ಎಂದು ಮೊದಲೇ ಮಾಡಿಟ್ಟ ತುಣುಕುಗಳಿರುತ್ತವೆ. ಆದರೆ ಸೊಸೆಯ ಕೈಯಿಂದ ತಟ್ಟೆ ಬಿದ್ದರೆ ಮನೆಯ ಏಳು ಜನ ಸರದಿಯಲ್ಲಿ ಬೆಚ್ಚುತ್ತಾರಲ್ಲ, ಆ ಏಳು ಮುಖಕ್ಕೂ ಬೇರೆ ಬೇರೆ ಏಟು ಬೇಕು. "ಬೆಳಗಿನ ಜಾವ ನಾಲ್ಕಕ್ಕೆ ಅತ್ತೆಯ ಹುಬ್ಬಿಗೆ ತಬಲಾ ಹೊಂದಿಸುತ್ತಿರುತ್ತೇನೆ ಮೇಡಂ" ಎಂದು ನಕ್ಕರು. ಆ ದಿನ ಅವರು ನಕ್ಕದ್ದು ಅದೊಂದೇ ಸಲ.

ಕೆಲಸ ಇವರದು, ಹೆಸರು ಮಾತ್ರ ಇನ್ನೊಬ್ಬ ಸಂಗೀತ ನಿರ್ದೇಶಕರದು. ಹನ್ನೊಂದು ವರ್ಷಗಳಿಂದ ಕಂತಿಗೆ ಇಷ್ಟು ಎಂದು ಹಣ. ಅದೂ ತೊಂಬತ್ತು ದಿನಗಳ ಮೇಲೆ, ಕೆಲವೊಮ್ಮೆ ಇನ್ನೂ ತಡವಾಗಿ. ಊರಿನಲ್ಲಿ ತಂದೆ ಹಾರ್ಮೋನಿಯಂ ನುಡಿಸುತ್ತಿದ್ದವರು; ಉತ್ಸವದ ಆಮಂತ್ರಣ ಪತ್ರಿಕೆಯ ಕೆಳಗೆ ಸಣ್ಣಕ್ಷರದಲ್ಲಿ ಸಾಥಿದಾರರ ಹೆಸರು ಇರುತ್ತದಲ್ಲ, ಅಂಥ ಪತ್ರಿಕೆಗಳನ್ನೆಲ್ಲ ಟ್ರಂಕಿನಲ್ಲಿ ಜೋಡಿಸಿಟ್ಟಿದ್ದಾರೆ. ಈಗ ಅವರು ಪ್ರತಿ ಸಂಜೆ ಕನ್ನಡಕ ಹಾಕಿಕೊಂಡು ಟಿ.ವಿ. ಮುಂದೆ ಕೂರುತ್ತಾರೆ. ಹೆಸರುಗಳು ವಾರಕ್ಕೊಮ್ಮೆ ಮಾತ್ರ ಬರುತ್ತವೆ ಎಂದು ಮಗ ಹೇಳಿದ್ದಾರೆ. ಯಾವ ವಾರ ಎಂದು ಹೇಳಿಲ್ಲ.

ಸಮಾಧಾನ ಹೇಳಲು ಹೋಗಿ ನಾನು ಎಡವಿದೆ. ಮುಂಬೈಗೆ ಇದು ಹೊಸದೇನಲ್ಲ, ಹಿಂದಿ ಚಿತ್ರಸಂಗೀತದ ಜೋಡಿ ಶಂಕರ್-ಜೈಕಿಶನ್ ಅವರ ಹಾಡುಗಳಿಗೆ ವಾದ್ಯವೃಂದ ಹೊಂದಿಸಿದ ಗೋವಾದ ಸೆಬಾಸ್ಟಿಯನ್ ಡಿಸೋಜಾ ಎಷ್ಟು ಕೇಳುಗರಿಗೆ ಗೊತ್ತು ಎಂದೆ. ಶ್ರೀಪಾದ ತಲೆ ಎತ್ತಿದರು. "ಅಲ್ಲಿ ಧಾಟಿ ಶಂಕರ್-ಜೈಕಿಶನ್ ಅವರದೇ ಇತ್ತು. ಇಲ್ಲಿ ಧಾಟಿಯೂ ನನ್ನದೇ, ಹೊಂದಿಸುವುದೂ ನಾನೇ." ಇತಿಹಾಸದ ಉದಾಹರಣೆಗಳನ್ನು ಅಂದಿನಿಂದ ಕಡಿಮೆ ಮಾಡಿದ್ದೇನೆ.

ಅದಕ್ಕಿಂತ ದೊಡ್ಡ ತಪ್ಪು ಎರಡನೆಯ ಭೇಟಿಯಲ್ಲಾಯಿತು. ನೇರವಾಗಿ ಆ ನಿರ್ದೇಶಕರ ಬಳಿ ಹೋಗಿ, ಪರದೆಯ ಮೇಲೆ ನನ್ನ ಹೆಸರೂ ಬರಲಿ ಎಂದು ಕೇಳಿ, ಬಾಯಿಬಿಟ್ಟು ಕೇಳದೆ ಯಾರೂ ಕೊಡುವುದಿಲ್ಲ ಎಂದು ಹುರಿದುಂಬಿಸಿದೆ. ಅವರು ಕೇಳಿದರು. ಸಿಟ್ಟಿನ ಉತ್ತರ ಬರಲಿಲ್ಲ. ಮುಂದಿನ ಧಾರಾವಾಹಿಯ ಕೆಲಸ ಸದ್ದಿಲ್ಲದೆ ಬೇರೆಯವರಿಗೆ ಹೋಯಿತು. ಮನೆಸಾಲದ ಕಂತು ಎಷ್ಟು, ಕೈಯಲ್ಲಿ ಉಳಿದದ್ದೆಷ್ಟು ಎಂದು ಕೇಳದೆ ಧೈರ್ಯ ಹಂಚಿದ್ದು ನನ್ನ ತಪ್ಪು. ಮೂರನೆಯ ಭೇಟಿಯಲ್ಲಿ ಅವರ ಎದುರೇ ಒಪ್ಪಿಕೊಂಡೆ. ಆಮೇಲೆಯೇ ಅವರು ಸಂಕೋಚ ಬಿಟ್ಟು ಮಾತನಾಡತೊಡಗಿದರು.

ಅವರು ಹೊತ್ತು ತಂದ ಗಂಟಿನಲ್ಲಿ ಎರಡು ಬೇರೆ ಸಂಗತಿಗಳಿದ್ದವು. ಒಂದು, ಹೆಸರಿಲ್ಲದ ಸಂಕಟ. ಇನ್ನೊಂದು, ಕಾಗದಪತ್ರವಿಲ್ಲದ ದುಡಿಮೆ. ಎರಡನ್ನೂ ಒಂದೇ ಜಗಳವಾಗಿ ಹೊರಗೆ ತಂದರೆ ಎರಡೂ ಸೋಲುತ್ತವೆ ಎನ್ನಿಸಿತು. ಎರಡನೆಯದಕ್ಕೆ ನಾನು ತಕ್ಕವಳಲ್ಲ; ಕೃತಿಸ್ವಾಮ್ಯ ಬಲ್ಲ ವಕೀಲರೊಬ್ಬರ ಬಳಿ ಕಳುಹಿಸಿದೆ. ಅಲ್ಲಿಂದ ಅವರು ತಿಳಿದು ಬಂದದ್ದು ಅವರಿಗೇ ಅಚ್ಚರಿ ತಂದಿತ್ತು. ಹಕ್ಕನ್ನು ಬರೆದುಕೊಟ್ಟ ಮೇಲೂ ಕೃತಿ ತನ್ನದೆಂದು ಹೇಳಿಕೊಳ್ಳುವ ಅಧಿಕಾರ ಕರ್ತೃವಿಗೆ 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲೇ ಇದೆ. 2012ರ ತಿದ್ದುಪಡಿಯ ನಂತರ, ಚಿತ್ರಮಂದಿರದ ಪ್ರದರ್ಶನವನ್ನು ಬಿಟ್ಟು ಬೇರೆ ಬಳಕೆಗಳ ರಾಯಧನದಲ್ಲಿನ ಸಮಪಾಲನ್ನು ಸಂಗೀತ ರಚಿಸಿದವರು ನಿರ್ಮಾಪಕರಿಗೆ ಬಿಟ್ಟುಕೊಡಲು ಬರುವುದಿಲ್ಲ. ವಾರಸುದಾರರಿಗೆ ಅಥವಾ ರಾಯಧನ ಸಂಗ್ರಹಿಸುವ ಸಂಘಕ್ಕೆ ಮಾತ್ರ ಕೊಡಬಹುದು. ಅಂಥ ಸಂಘ, ಇಂಡಿಯನ್ ಪರ್ಫಾರ್ಮಿಂಗ್ ರೈಟ್ ಸೊಸೈಟಿ (ಐಪಿಆರ್‌ಎಸ್), 1969ರಿಂದ ಇದೇ ಮುಂಬೈಯಲ್ಲಿದೆ. ಶ್ರೀಪಾದ ಅದರ ಸದಸ್ಯರೇ ಆಗಿರಲಿಲ್ಲ. ಯಾವ ತುಣುಕು ಎಷ್ಟು ಸೆಕೆಂಡು, ಯಾರದು ಎಂದು ಬರೆಯುವ ಕ್ಯೂ ಶೀಟ್‌ನಲ್ಲಿ ಹನ್ನೊಂದು ವರ್ಷ ಇನ್ನೊಬ್ಬರ ಹೆಸರೇ ಹೋಗಿತ್ತು. ಕೆಲವು ಶೀಟುಗಳನ್ನು ಭರ್ತಿ ಮಾಡಿದವರು ಸ್ವತಃ ಇವರೇ.

ನಾನು ಕೊಟ್ಟ ಸಲಹೆ ವೀರಾವೇಶದ್ದಲ್ಲ. ಹಳೆಯ ಲೆಕ್ಕವನ್ನು ಈಗ ಕೆದಕಬೇಡಿ. ಆದರೆ ದಿನಾಂಕವಿರುವ ಪ್ರಾಜೆಕ್ಟ್ ಫೈಲುಗಳನ್ನೂ ವಾಟ್ಸಾಪ್ ಸಂದೇಶಗಳನ್ನೂ ಬೇರೆ ಹಾರ್ಡ್ ಡಿಸ್ಕಿನಲ್ಲಿ ಜೋಪಾನ ಮಾಡಿ. ಆರು ತಿಂಗಳ ಮನೆಖರ್ಚು ಕೂಡುವವರೆಗೆ ಈಗಿರುವ ಕೆಲಸ ಇರಲಿ. ಮುಂದೆ ಒಪ್ಪುವ ಯಾವುದೇ ಕೆಲಸಕ್ಕೆ, ಎಷ್ಟೇ ಚಿಕ್ಕದಿರಲಿ, ಮೊದಲ ತುಣುಕು ಕಳುಹಿಸುವ ಮೊದಲೇ ಕ್ಯೂ ಶೀಟ್‌ನಲ್ಲಿ ಹೆಸರು ಹೇಗೆ ಬರುತ್ತದೆ ಎಂದು ಬರಹದಲ್ಲಿ ಕೇಳಿ. ವಾರದಲ್ಲಿ ಎರಡು ರಾತ್ರಿ ಸಹಾಯಕನಿಗೆ ಬಿಟ್ಟುಕೊಡಿ, ಮತ್ತು ಅವನ ಹೆಸರನ್ನು ನೀವು ನುಂಗಬೇಡಿ. ಈ ಕೊನೆಯ ಮಾತಿಗೆ ಅವರು ಬಹಳ ಹೊತ್ತು ಸುಮ್ಮನಿದ್ದರು. ಅವರಲ್ಲೂ ಒಬ್ಬ ಹುಡುಗನಿದ್ದ, ನಾಸಿಕದವನು, ಎರಡು ವರ್ಷದಿಂದ.

ತಂದೆಗೆ ನಿಜ ಹೇಳುವ ವಿಷಯವನ್ನು ನಾನು ಒತ್ತಾಯಿಸಲಿಲ್ಲ. ಯಾರಿಗಾಗಿ ಹೆಸರು ಬೇಕು ಎಂದು ಮಾತ್ರ ಒಮ್ಮೆ ಕೇಳಿದ್ದೆ. ಗಣೇಶ ಚತುರ್ಥಿಗೆ ಊರಿಗೆ ಹೋದಾಗ ತಾವಾಗಿಯೇ ಹೇಳಿದರಂತೆ. ತಂದೆ ಟಿ.ವಿ.ಯ ಸದ್ದು ಕಡಿಮೆ ಮಾಡಿ, "ಸಂಬಳ ಸರಿಯಾಗಿ ಕೊಡುತ್ತಾರೇನೋ?" ಎಂದು ಕೇಳಿದರಂತೆ. ರಾತ್ರಿ ಊಟಕ್ಕೆ ಕುಳಿತಾಗ ಮತ್ತೆ ಮಾತು ತೆಗೆದರು: "ಅಳುವ ದೃಶ್ಯಕ್ಕೆಲ್ಲ ಶಿವರಂಜನಿಯೇ ಯಾಕೆ ಹಾಕುತ್ತೀ? ಬೇರೆ ರಾಗ ಕಲಿಸಿರಲಿಲ್ಲವೇ ನಾನು?" ಇದನ್ನು ನನಗೆ ಹೇಳುವಾಗ ಶ್ರೀಪಾದರ ಕಣ್ಣು ಒದ್ದೆಯಾಗಿತ್ತು, ಜೊತೆಗೆ ವಾದ ಮಾಡುವ ಹುಮ್ಮಸ್ಸೂ ಇತ್ತು. ನಿರ್ಮಾಪಕರು ಕೇಳುವುದೇ ಅದನ್ನು ಮೇಡಂ, ನಾನೇನು ಮಾಡಲಿ ಎಂದು ಹದಿನೈದು ನಿಮಿಷ ಸಮರ್ಥಿಸಿಕೊಂಡರು.

ಈಗ ಸಂಘದ ಸದಸ್ಯತ್ವಕ್ಕೆ ಅರ್ಜಿ ಹಾಕಿದ್ದಾರೆ. ಮರಾಠಿ ಧಾರಾವಾಹಿಯೊಂದರ ಕ್ಯೂ ಶೀಟ್‌ನಲ್ಲಿ ಇವರ ಹೆಸರೂ ನಾಸಿಕದ ಹುಡುಗನ ಹೆಸರೂ ಹೋಗುತ್ತಿವೆ. ಹಣ ಮೊದಲಿಗಿಂತ ಕಡಿಮೆ. ಹಳೆಯ ನಿರ್ದೇಶಕರ ಕೆಲಸ ವಾರಕ್ಕೆ ಮೂರು ರಾತ್ರಿ ಇನ್ನೂ ನಡೆದಿದೆ, ಹನ್ನೊಂದು ವರ್ಷಗಳ ಲೆಕ್ಕ ಹಾಗೆಯೇ ಹಾರ್ಡ್ ಡಿಸ್ಕಿನಲ್ಲಿದೆ. ಮುಂದಿನ ಭೇಟಿಗೆ ಹೆಂಡತಿಯೂ ಬರುವವರಿದ್ದಾರೆ. ಮನೆಯ ಲೆಕ್ಕದ ಪುಸ್ತಕ ತರಲು ಹೇಳಿದ್ದೇನೆ.